ಹೆಸರಿನ ಕೆಳಗಿನ ಸಾಲು

ಗದುಗಿನ ಮುಳಗುಂದ ನಾಕಾದ ಹತ್ರ
ಸೈಕಲ್ ಅಂಗಡಿ ಮ್ಯಾಲಿನ ಖೋಲಿ,
ಅದರಾಗ ನಮ್ಮ ಕೇಬಲ್ ಚಾನೆಲ್ಲು.
ತೆರಿ ಮ್ಯಾಲ ಬರೋರ ಹೆಸರು, ಹೆಸರಿನ ಕೆಳಗ ಅವರು ಯಾರನ್ನೂದು
ಟೈಪು ಮಾಡೋದು ನನ್ನ ಕೆಲಸ.
ಹದಿನೆಂಟು ವರ್ಷದಾಗ ಎಲ್ಲಾಕಿಂತ ಹೆಚ್ಚು ಬರದ ಹೆಸರು
ಯಲ್ಲೂಸಾ ಖಟವಟೆ.
ನನ್ನ ಹೆಸರನ್ನೂ ಅಷ್ಟು ಸಲ ಬರದಿಲ್ಲ.

ಮೊದಲನೇ ದಿನ ಅವರು ಬಂದದ್ದು ಅತಿಥಿಯಾಗಿ ಅಲ್ಲ.
ಕುರ್ಚಿ ಹಿಂದಿನ ನೀಲಿ ಪಡದಿ ಹೊಲದವರು ಅವರಽ.
ಧಾರವಾಡದ ಪ್ರೊಫೆಸರರ ಬಸ್ಸು
ಅಣ್ಣಿಗೇರಿ ದಾಟಿ ಪಂಕ್ಚರು.
ದೀಪ ಹತ್ತಿದ್ದವು, ಕುರ್ಚಿ ಖಾಲಿ.
"ಐದ ನಿಮಿಷ ಕುಂಡರ್ರಿ" ಅಂದ್ರು ಮಾಲಕ್ರು.
ಕೊರಳಾಗಿನ ಟೇಪು ತಗಿಯೋದ ಮರತು ಕುಂತರು.
ಬಜೆಟ್ ಹೆಂಗನಸ್ತೈತ್ರಿ ಅಂತ ಕೇಳಿದ್ದಕ್ಕ
"ಅಳತಿ ಸರಿ ತಗೊಂಡಾರ್ರಿ,
ಆದ್ರ ಮೈ ಬ್ಯಾರೆಯವರದು" ಅಂದ್ರು.
ಬೆಟಗೇರಿಯಿಂದ ನಾಕು ಫೋನು ಬಂದವು,
ಒಂದು ರಾಂಗ್ ನಂಬರು.

ಆಮ್ಯಾಲ ಸೋಮವಾರ ಸೋಮವಾರ.
ಹೆಸರಿನ ಕೆಳಗ ಏನು ಹಾಕಲಿ?
ಟೇಲರ್ ಅಂದ್ರ ಬ್ಯಾಡಂದ್ರು ಮಾಲಕ್ರು, ತೂಕ ಬರೂದಿಲ್ಲಂತ.
ಆರ್ಥಿಕ ಚಿಂತಕರು ಅಂತ ಹಾಕಿದೆ.
ಕ್ರಿಕೆಟ್ ಇದ್ದಾಗ ಕ್ರೀಡಾ ವಿಶ್ಲೇಷಕರು.
ಗ್ರಹಣದ ದಿನ ಖಗೋಳಾಸಕ್ತರು.
ಮೆಣಸಿನಕಾಯಿ ದರ ಬಿದ್ದಾಗ ಕೃಷಿ ತಜ್ಞರು,
ಡಬ್ಬಿಯಾಗಿನ ತುಳಸಿ ಬಿಟ್ರ ಏನೂ ಬೆಳದವರಲ್ಲ.
ಒಂದಿನ ಅವಸರದಾಗ ಶ್ರೀ ಅನ್ನೂಕಡೆ ದಿ. ಅಂತ ಬಿತ್ತು,
ಅರ್ಧ ತಾಸು ಹಂಗಽ ಓಡಿತು.
ರಾತ್ರಿ ಮಂದಿ ಮಾಲಿ ಹಿಡಕೊಂಡು ಹೋದ್ರ
ಬಾಗಲಾ ತಗದವರು ಅವರಽ,
ಒಳಗ ಕರದು ಚುರುಮುರಿ ಕೊಟ್ಟರಂತ.
ಮರುವಾರ ನನ್ನ ಕೀಲಿಮಣಿ ಹತ್ರ ಬಗ್ಗಿ ಅಂದ್ರು:
"ತಂಗಿ, ಆ ಅಕ್ಷರ ಜ್ವಾಕಿ ಇಡವ್ವ,
ಮುಂದ ಬೇಕಾಗ್ತೈತಿ."

ಪಗಾರ ಅಂತ ಇರಲಿಲ್ಲ.
ಒಂದು ಪ್ಲೇಟು ಬದನಿಕಾಯಿ ಬಜಿ, ಅರ್ಧ ಚಾ,
ದೀಪಾವಳಿಗೆ ಚಾನೆಲ್ ಚಿತ್ರದ ಒಂದು ಕಪ್ಪು.
ಹದಿನೇಳು ಕಪ್ಪು ಆದವು.
ಮನಿಯಾಕಿ ತುಳಜಾಬಾಯಿ
ಒಂದರಾಗ ಜ್ವಾಳದ ಹಿಟ್ಟು ಅಳೀತಾರ,
ಒಂದರಾಗ ಗುಂಡಿ, ಒಂದರಾಗ ಮುರದ ಸೂಜಿ.
ಸಂತ್ಯಾಗ ಮಂದಿ ತಡದು ಕೇಳ್ತಿದ್ರು,
"ಟೀವ್ಯಾಗಿನ ಅಜ್ಜಾರ, ಮಳಿ ಯಾವಾಗ?"
ಪ್ಯಾಂಟು ಹೊಲಸಾಕ ಬರೋರು ಮಾತ್ರ ಕಡಿಮಿ ಆದ್ರು.
ಅಂಥಾ ದೊಡ್ಡ ಮನಷ್ಯಾನ ಮುಂದ
ಕಾಲು ಅಗಲಿಸಿ ಅಳತಿ ಕೊಡೂದು ಹೆಂಗಂತ.

ಈಗ ಎಲ್ಲಾರ ಕೈಯಾಗೂ ಒಂದೊಂದು ಚಾನೆಲ್ಲು.
ಹೋದ ತಿಂಗಳು ಕ್ಯಾಮೆರಾ ಮಾರಿದ್ವಿ.
ಕಡೀ ದಿನ ಯಲ್ಲೂಸಾ ಬಂದ್ರು, ಸೋಮವಾರ ಅಲ್ಲದಿದ್ರೂ.
ಒಳಗಿಸೆದಿಂದ ಹಳದಿಯಾದ ಬಿಲ್ಲು ತಗದ್ರು:
ನೀಲಿ ಅರಿವಿ ಹನ್ನೊಂದು ಮೀಟರು, ಉಂಗುರ, ಹೊಲಿಗಿ ಸೇರಿ
ಎರಡು ಸಾವಿರದ ನೂರಾ ನಲವತ್ತು.
"ಇದನ್ನ ಕೇಳಾಕಂತ ಬರ್ತಿದ್ದೆ ತಂಗಿ.
ಬಂದಾಗೊಮ್ಮೆ ಕುಂಡರಸ್ತಿದ್ರು.
ದೀಪ ಹತ್ತಿದ ಮ್ಯಾಲ
ರೊಕ್ಕದ ಮಾತು ಹೆಂಗ ಆಡೂದು?"

ಮಾಲಕ್ರು ಪಾವಟಿಗಿ ಮ್ಯಾಲ ಫೋನಿನಾಗಿದ್ರು, ಜೋರ ನಗ್ತಿದ್ರು.
ನಾನು ಏನೂ ತೋಚದ
ಅವರ ಹೆಸರು ಬರದು, ಕೆಳಗ ಟೇಲರ್ ಅಂತ ಹಾಕಿದೆ.
ತಂತಿ ಆಗಲೇ ಕಿತ್ತಿದ್ರು, ಎಲ್ಲೂ ಮೂಡಲಿಲ್ಲ.
ಅವರು ಅತ್ತ ನೋಡಿರಲೂ ಇಲ್ಲ.
ಪಡದಿ ಅಂಚು ಹಿಡದು ಗ್ವಾಡಿ ಗುಂಟ ಹೊಂಟಿದ್ರು, ಚಸ್ಮಾ ಏರಿಸಿ.
ಮೂಲ್ಯಾಗ ಒಂದು ಗೇಣು ಹೊಲಿಗಿ ಬಿಚ್ಚಿತ್ತು.
ಬಟ್ಟಿನಿಂದ ಎರಡು ಸಲ ಅಳದ್ರು,
ಕಿವಿ ಮ್ಯಾಲಿನ ಪೆನ್ಸಿಲ್ ತಗದು
ಬಿಲ್ಲಿನ ಮ್ಯಾಲ ಬರದ್ರು:
ಐವತ್ತು ಕಡಿಮಿ.